ಫ್ರೆಂಚ್ ಹಾಸ್ಯ ಸಿನಿಮಾ ನೋಡಿದ್ರೂ ನಗು ಬರಲಿಲ್ವಾ? ಎರಡು ಮನೆಗಳ ಈ ಕಥೆಯನ್ನು ಹೀಗೆ ನೋಡಿ

ಫ್ರೆಂಚ್ ಸಿನಿಮಾ ಬಗ್ಗೆ ಬರೆದಾಗಲೆಲ್ಲ ಓದುಗರಿಂದ ಒಂದೇ ಪ್ರಶ್ನೆ ಬರುತ್ತದೆ. "ಅಲ್ಲಿನ ಜನ ಬಿದ್ದು ಬಿದ್ದು ನಕ್ಕರಂತೆ, ನಮಗೆ ಯಾಕೆ ನಗು ಬರಲ್ಲ? ಎಲ್ಲಿಂದ ಶುರು ಮಾಡಬೇಕು?" ಒಬ್ಬೊಬ್ಬರಿಗೂ ಬಿಡಿಬಿಡಿಯಾಗಿ ಉತ್ತರ ಬರೆಯುವ ಬದಲು ಒಂದೇ ಕಡೆ ಬರೆದಿಡುತ್ತಿದ್ದೇನೆ. ಅದಕ್ಕೆ ಒಂದೇ ಸಿನಿಮಾ ಆರಿಸಿಕೊಂಡಿದ್ದೇನೆ. ಶ್ರೀಮಂತರು, ಬಡವರು ಮತ್ತು ಇವರ ನಡುವಿನ ಗೋಡೆಯ ಬಗ್ಗೆ ಫ್ರಾನ್ಸಿನಲ್ಲಿ ಬಂದ ಹಾಸ್ಯ ಚಿತ್ರಗಳಲ್ಲಿ ಇದರಷ್ಟು ಜನರ ಮಾತಿನಲ್ಲಿ ಉಳಿದುಕೊಂಡದ್ದು ಕಡಿಮೆ. ಇದನ್ನು ಸರಿಯಾಗಿ ನೋಡಲು ಕಲಿತರೆ ಉಳಿದವುಗಳಿಗೆ ದಾರಿ ತಾನಾಗಿ ತೆರೆದುಕೊಳ್ಳುತ್ತದೆ.

ಸಿನಿಮಾದ ಹೆಸರು 'ಲಾ ವಿ ಎತ್ ಅಂ ಲಾಂಗ್ ಫ್ಲೋವ್ ತ್ರಾಂಕೀಲ್'. ಕನ್ನಡದಲ್ಲಿ 'ಬದುಕು ಒಂದು ಉದ್ದನೆಯ, ಪ್ರಶಾಂತ ನದಿ' ಎನ್ನಬಹುದು. 1988ರಲ್ಲಿ ಬಂತು. ನಿರ್ದೇಶಕ ಎತಿಯೆನ್ ಶಾತಿಲಿಯೇ. ಅವರಿಗೆ ಇದು ಮೊದಲ ಚಿತ್ರ. ಫ್ರಾನ್ಸಿನಲ್ಲಿ 40 ಲಕ್ಷ ಟಿಕೆಟ್ ಮಾರಾಟವಾಯಿತು. ಮರುವರ್ಷ ಅಲ್ಲಿನ ದೊಡ್ಡ ಸಿನಿಮಾ ಪ್ರಶಸ್ತಿಯಾದ ಸೆಸಾರ್‌ನಲ್ಲಿ ನಾಲ್ಕು ಇದಕ್ಕೇ ಸಿಕ್ಕವು.

ಮೊದಲು ಏನೇನು ಬೇಕು?

ಎರಡು ಸಂಜೆ ಬೇಕು. ಸಿನಿಮಾ ಒಂದೂವರೆ ಗಂಟೆಯದ್ದು ಮಾತ್ರ, ಆದರೆ ಎರಡು ಸಲ ನೋಡಬೇಕು. ಇಂಗ್ಲಿಷ್ ಸಬ್‌ಟೈಟಲ್ ಇರುವ ಪ್ರತಿ ಬೇಕು. ಒಂದು ಹಾಳೆ, ಒಂದು ಪೆನ್ನು ಇರಲಿ. ಫ್ರೆಂಚ್ ಬರಬೇಕೆಂದಿಲ್ಲ. ಎರಡು ಪದ ಗೊತ್ತಿದ್ದರೆ ಸಾಕು, ಅವನ್ನು ಮುಂದೆ ಹೇಳುತ್ತೇನೆ.

ಹುಡುಕುವಾಗ 'ಲೈಫ್ ಈಸ್ ಎ ಲಾಂಗ್ ಕ್ವೈಟ್ ರಿವರ್' ಎಂಬ ಇಂಗ್ಲಿಷ್ ಹೆಸರನ್ನೂ ಹಾಕಿ ನೋಡಿ. ಬೆಂಗಳೂರಿನಲ್ಲಿ ಇರುವವರು ವಸಂತನಗರದ ಅಲಿಯಾನ್ಸ್ ಫ್ರಾಂಸೇಸ್‌ನಲ್ಲಿ ಒಮ್ಮೆ ಕೇಳಿ. ಅಲ್ಲಿ ಗ್ರಂಥಾಲಯ ಇದೆ, ಫ್ರೆಂಚ್ ಸಿನಿಮಾಗಳ ಪ್ರದರ್ಶನವೂ ನಡೆಯುತ್ತಿರುತ್ತದೆ.

ಡಬ್ ಆದ ಪ್ರತಿ ಸಿಕ್ಕರೆ ದಯವಿಟ್ಟು ಬೇಡ. ಈ ಚಿತ್ರದಲ್ಲಿ ಅರ್ಧ ಕಥೆ ದನಿಯಲ್ಲೇ ಇದೆ. ಒಂದು ಮನೆಯವರು ಮೆತ್ತಗೆ, ಪದ ಪದ ಬಿಡಿಸಿ ಮಾತಾಡುತ್ತಾರೆ. ಇನ್ನೊಂದು ಮನೆಯವರು ಒಬ್ಬರ ಮೇಲೊಬ್ಬರು ಬಿದ್ದು ಕೂಗುತ್ತಾರೆ. ಅರ್ಥವಾಗದಿದ್ದರೂ ಕಿವಿಗೆ ಅದು ತಿಳಿಯುತ್ತದೆ. ಇನ್ನೊಂದು ಮಾತು: ಚಿತ್ರದಲ್ಲಿ ಒರಟು ಬೈಗುಳ, ಕುಡಿತ, ಲೈಂಗಿಕ ವಿಷಯದ ಮಾತು ಇವೆ. ಪೋಸ್ಟರ್‌ನಲ್ಲಿ ಮಕ್ಕಳು ಇದ್ದಾರೆ ಅಂತ ಮನೆ ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಳ್ಳಬೇಡಿ. ಮೊದಲು ನೀವು ನೋಡಿ, ಆಮೇಲೆ ನಿರ್ಧರಿಸಿ.

ಹಂತ 1: ಊರು ಯಾವುದು ಅಂತ ತಿಳಿದುಕೊಳ್ಳಿ

ಈ ಹಂತವನ್ನು ಬಿಟ್ಟೇ ಜಾಸ್ತಿ ಜನ ಎಡವುವುದು. ಫ್ರಾನ್ಸ್ ಅಂದರೆ ನಮ್ಮ ಕಣ್ಣ ಮುಂದೆ ಐಫೆಲ್ ಗೋಪುರ ಬರುತ್ತದೆ, ಅಲ್ವಾ? ಇಲ್ಲಿ ಪ್ಯಾರಿಸ್ ಇಲ್ಲ. ಕಥೆ ನಡೆಯುವುದು ದೇಶದ ತುತ್ತತುದಿಯಲ್ಲಿ, ಬೆಲ್ಜಿಯಂ ಗಡಿಗೆ ಅಂಟಿಕೊಂಡ ನೋರ್ ಎಂಬ ಪ್ರಾಂತ್ಯದಲ್ಲಿ. ನೋರ್ ಅಂದರೇ ಉತ್ತರ. ಲೀಲ್, ರೂಬೇ, ಟೂರ್ಕ್ವಾಂ ಇಲ್ಲಿನ ಪಟ್ಟಣಗಳು. ನಿರ್ದೇಶಕರು ಹುಟ್ಟಿದ್ದೂ ರೂಬೇಯಲ್ಲೇ, 1952ರಲ್ಲಿ.

ರೂಬೇ ಒಂದು ಕಾಲಕ್ಕೆ ಉಣ್ಣೆ ಬಟ್ಟೆಗೆ ಹೆಸರಾದ ಊರು. ಸುತ್ತಲ ಸೀಮೆಯಲ್ಲಿ ಕಲ್ಲಿದ್ದಲ ಗಣಿಗಳಿದ್ದವು. ಗಿರಣಿ ಮಾಲೀಕರ ಮನೆತನಗಳು ಕಟ್ಟಾ ಕ್ಯಾಥೋಲಿಕರು. ತುಂಬು ಸಂಸಾರ, ಭಾನುವಾರ ತಪ್ಪದೆ ಚರ್ಚು. ಗಿರಣಿ ಕೆಲಸಕ್ಕೆ ಪೋಲೆಂಡ್, ಇಟಲಿ, ಅಲ್ಜೀರಿಯಾದಿಂದೆಲ್ಲ ಜನ ಬಂದು ನೆಲೆಸಿದರು. 1970ರ ದಶಕದಿಂದ ಗಿರಣಿಗಳು ಒಂದೊಂದಾಗಿ ಮುಚ್ಚಿದವು. ನೋರ್ ಸೀಮೆಯ ಕೊನೆಯ ಕಲ್ಲಿದ್ದಲ ಗಣಿ 1990ರಲ್ಲಿ ಬಾಗಿಲು ಹಾಕಿತು. ಅಂದರೆ ಸಿನಿಮಾ ಬಂದಾಗ ಊರು ಇನ್ನೂ ಆ ಪೆಟ್ಟಿನಲ್ಲೇ ಇತ್ತು. ಒಂದೇ ಊರು, ನಡುವೆ ಕೆಲವೇ ಬೀದಿಗಳ ಅಂತರ. ಆ ಕಡೆ ಹಳೆಯ ಅಚ್ಚುಕಟ್ಟಿನ ಮನೆಗಳು, ಈ ಕಡೆ ಕೆಲಸ ಕಳೆದುಕೊಂಡವರ ಬ್ಲಾಕುಗಳು. ಈ ಚಿತ್ರ ತಲೆಯಲ್ಲಿ ಇಟ್ಟುಕೊಂಡು ಕೂತರೆ ಮೊದಲ ಹತ್ತು ನಿಮಿಷ ಗೊಂದಲ ಆಗುವುದಿಲ್ಲ.

ಹಂತ 2: ಎರಡು ಮನೆಗಳ ಹೆಸರನ್ನು ಬಿಡಿಸಿಕೊಳ್ಳಿ

ಹಾಳೆಯನ್ನು ಮಧ್ಯೆ ಗೆರೆ ಎಳೆದು ಎರಡು ಭಾಗ ಮಾಡಿ. ಎಡಗಡೆ ಶ್ರೀಮಂತರ ಮನೆತನ 'ಲ ಕೆನ್ವಾ' ಅಂತ ಬರೆಯಿರಿ, ಬಲಗಡೆ ಬಡವರ ಮನೆತನ 'ಗ್ರೋಜೇಯ್' ಅಂತ.

ಲ ಕೆನ್ವಾ ಅಂದರೆ ಆ ಸೀಮೆಯ ಆಡುಮಾತಿನಲ್ಲಿ ಓಕ್ ಮರಗಳ ತೋಪು. ಆ ಹೆಸರಿನ ಹಳೆಯ ಕೋಟೆ ಊರೊಂದು ನೋರ್‌ನಲ್ಲಿ ನಿಜವಾಗಿಯೂ ಇದೆ. ಕಿವಿಗೆ ಬಿದ್ದ ಕೂಡಲೇ ಹಳೆಯ ಮನೆತನ, ಆಳದ ಬೇರು ಅನ್ನಿಸುವ ಹೆಸರು. ಗ್ರೋಜೇಯ್ ಅಂದರೆ ಪೊದೆಯಲ್ಲಿ ಬಿಡುವ ಸಣ್ಣ ಹುಳಿ ಹಣ್ಣು. ಜಾಮ್ ಮಾಡುತ್ತಾರಲ್ಲ, ಆ ಕೆಂಪು ಹಣ್ಣು. ಒಂದು ಹೆಮ್ಮರ, ಒಂದು ಪೊದೆ. ಫ್ರೆಂಚ್ ಪ್ರೇಕ್ಷಕ ಹೆಸರು ಕೇಳಿದಾಗಲೇ ಅರ್ಧ ನಕ್ಕಿರುತ್ತಾನೆ. ಸಬ್‌ಟೈಟಲ್ ಇದನ್ನು ಹೇಳುವುದಿಲ್ಲ. ಮಕ್ಕಳ ಹೆಸರುಗಳೂ ಹಾಗೇ. ಲ ಕೆನ್ವಾ ಮನೆಯಲ್ಲಿ ಪಾಲ್, ಪಿಯೇರ್, ಮಾತ್ಯೂ, ಬೆರ್ನಾದೆತ್, ಎಲ್ಲ ಸಂತರ ಹೆಸರು. ಗ್ರೋಜೇಯ್ ಮನೆಯಲ್ಲಿ ಒಬ್ಬ ಹುಡುಗನ ಹೆಸರು 'ಮಿಲಿಯಾಂ', ಅಂದರೆ ಹತ್ತು ಲಕ್ಷ.

ಈಗ ಕಥೆಯ ತಿರುಳು. ಇದು ಚಿತ್ರದ ಮೊದಲ ಭಾಗದಲ್ಲೇ ಗೊತ್ತಾಗುತ್ತದೆ, ಹಾಗಾಗಿ ಗುಟ್ಟು ಹಾಳಾಗುವ ಭಯ ಬೇಡ. ಒಂದೇ ಹೆರಿಗೆ ಆಸ್ಪತ್ರೆಯಲ್ಲಿ, ಕ್ರಿಸ್ಮಸ್ ಹಿಂದಿನ ರಾತ್ರಿ, ಎರಡೂ ಮನೆಗಳ ಕೂಸುಗಳು ಇರುತ್ತವೆ. ಜೋಸೆಟ್ ಎಂಬ ನರ್ಸ್‌ಗೆ ಡಾಕ್ಟರ್ ಮಾವಿಯಾಲ್ ಮೇಲೆ ಪ್ರೀತಿ. ಆತ ಹೆಂಡತಿಯನ್ನು ಬಿಟ್ಟು ಬರುವವನಲ್ಲ. ಆ ಸಿಟ್ಟಿಗೆ ಆಕೆ ಎರಡು ಕೂಸುಗಳನ್ನು ಅದಲು ಬದಲು ಮಾಡಿಬಿಡುತ್ತಾಳೆ. ಹನ್ನೆರಡು ವರ್ಷ ಕಳೆದು ಡಾಕ್ಟರ ಹೆಂಡತಿ ತೀರಿಕೊಂಡ ಮೇಲೂ ಆತ ಇವಳನ್ನು ದೂರ ತಳ್ಳುತ್ತಾನೆ. ಆಗ ಜೋಸೆಟ್ ಪತ್ರ ಬರೆದು ಎಲ್ಲವನ್ನೂ ಬಯಲು ಮಾಡುತ್ತಾಳೆ. ಗ್ರೋಜೇಯ್ ಮನೆಯಲ್ಲಿ ಬೆಳೆದ ಮೋಮೋ ನಿಜವಾಗಿ ಲ ಕೆನ್ವಾ ಮನೆಯ ಮಗ. ಲ ಕೆನ್ವಾ ಮನೆಯಲ್ಲಿ ಬೆಳೆದ ಬೆರ್ನಾದೆತ್ ಗ್ರೋಜೇಯ್ ಮನೆಯ ಮಗಳು.

ಇಲ್ಲಿ ನಮ್ಮ ಪ್ರೇಕ್ಷಕರಿಗೆ ಒಂದು ದೊಡ್ಡ ಹಳ್ಳ ಇದೆ. ಅದಲು ಬದಲಾದ ಕೂಸಿನ ಕಥೆ ನಮಗೆ ಹೊಸದಲ್ಲ. ನಮ್ಮಲ್ಲಿ ಸತ್ಯ ಕೊನೆಯ ದೃಶ್ಯದಲ್ಲಿ ಹೊರಬರುತ್ತದೆ, ತಾಯಿ ಮಗ ತಬ್ಬಿಕೊಂಡು ಅಳುತ್ತಾರೆ, ರಕ್ತ ರಕ್ತವನ್ನು ಕರೆಯುತ್ತದೆ. ಅದನ್ನೇ ಕಾಯುತ್ತಾ ಕೂತರೆ ಈ ಸಿನಿಮಾ ನಿಮ್ಮ ಕೈಗೆ ಸಿಗುವುದಿಲ್ಲ. ಇಲ್ಲಿ ಸತ್ಯ ಬೇಗನೆ ಹೊರಬರುತ್ತದೆ. ಗೊತ್ತಾದ ಮೇಲೆ ಈ ಮನೆಗಳು ಏನು ಮಾಡುತ್ತವೆ ಅನ್ನುವುದೇ ಕಥೆ. ಲ ಕೆನ್ವಾ ದಂಪತಿ ಗ್ರೋಜೇಯ್ ಮನೆಗೆ ಹಣ ಕೊಟ್ಟು ಮೋಮೋನನ್ನು ತರುತ್ತಾರೆ. ಊರಿಗೂ ಮಕ್ಕಳಿಗೂ 'ದತ್ತು ತಗೊಂಡಿದ್ದೀವಿ' ಎನ್ನುತ್ತಾರೆ. ಬೆರ್ನಾದೆತ್‌ಗೆ ಏನೂ ಹೇಳುವುದಿಲ್ಲ, ಅವಳನ್ನೂ ತಮ್ಮಲ್ಲೇ ಇಟ್ಟುಕೊಳ್ಳುತ್ತಾರೆ. ಈ ಮೂರನ್ನೂ ಮಾಡುವಾಗ ಅವರ ನಡೆನುಡಿಯಲ್ಲಿ ಒಂದು ಕೂದಲೂ ಅಲುಗಾಡುವುದಿಲ್ಲ. ನಗು ಇರುವುದು ಅಲ್ಲಿ. ನೋವು ಇರುವುದೂ ಅಲ್ಲೇ.

ಮುಂದೆ ಏನಾಗುತ್ತದೆ ಅಂತ ಹೇಳುವುದಿಲ್ಲ.

ಹಂತ 3: ಕೆಲವು ಪದಗಳು

'ತ್ಯು' ಮತ್ತು 'ವೂ'. ಮೇಲೆ ಹೇಳಿದ ಎರಡು ಪದ ಇವೇ. ತ್ಯು ಅಂದರೆ ನೀನು, ವೂ ಅಂದರೆ ನೀವು. ಇಂಗ್ಲಿಷ್ ಸಬ್‌ಟೈಟಲ್‌ನಲ್ಲಿ ಎರಡಕ್ಕೂ ಒಂದೇ ಪದ, ಹಾಗಾಗಿ ಅಲ್ಲಿ ಇದು ಪೂರ್ತಿ ಮಾಯ. ಆದರೆ ಕನ್ನಡದವರಿಗೆ ಈ ವ್ಯತ್ಯಾಸ ಹುಟ್ಟಿನಿಂದಲೇ ಬಂದದ್ದು. ಓದುವುದನ್ನು ಬಿಟ್ಟು ಕಿವಿಯಿಂದ ಹಿಡಿಯಿರಿ. ಒಂದು ಫರಕು ಮಾತ್ರ ನೆನಪಿರಲಿ. ನಮ್ಮಲ್ಲಿ ಅಪ್ಪನಿಗೆ 'ನೀವು' ಅಂದರೂ ಅಮ್ಮನಿಗೆ 'ನೀನು' ಅನ್ನುವ ಮನೆಗಳು ಎಷ್ಟೋ. ಫ್ರಾನ್ಸಿನ ಹಳೆಯ ಶ್ರೀಮಂತ ಕ್ಯಾಥೋಲಿಕ್ ಮನೆಗಳಲ್ಲಿ ಗಂಡ ಹೆಂಡತಿ ಕೂಡ ಒಬ್ಬರಿಗೊಬ್ಬರು 'ವೂ' ಅನ್ನುವುದುಂಟು, ಮಕ್ಕಳು ತಾಯಿಗೆ 'ವೂ' ಅನ್ನುವುದುಂಟು. ಬಡವರ ಮನೆಗಳಲ್ಲಿ ಎಲ್ಲರೂ ಎಲ್ಲರಿಗೂ 'ತ್ಯು'. ಯಾರು ಯಾರಿಗೆ ಯಾವುದನ್ನು ಅನ್ನುತ್ತಾರೆ, ಒಂದು ಮನೆಯವರು ಇನ್ನೊಂದು ಮನೆಯವರ ಎದುರು ನಿಂತಾಗ ಏನು ಅನ್ನುತ್ತಾರೆ ಅಂತ ಗಮನಿಸಿ.

'ಬೂರ್ಜ್ವಾ' ಅಂದರೆ ಸುಮ್ನೆ ದುಡ್ಡಿರುವವರು ಅಂತ ಅಲ್ಲ. ದುಡ್ಡಿನ ಜೊತೆ ಮನೆತನ, ಓದು, ನಡವಳಿಕೆ ಎಲ್ಲವೂ ತಲೆಮಾರಿನಿಂದ ಬಂದಿರುವವರು. ಪಿಯೇರ್ ಬೂರ್ದಿಯು ಎಂಬ ಫ್ರೆಂಚ್ ಸಮಾಜಶಾಸ್ತ್ರಜ್ಞರು 1979ರ ತಮ್ಮ ದೊಡ್ಡ ಪುಸ್ತಕದಲ್ಲಿ ಇದನ್ನೇ ಬಿಡಿಸಿ ಹೇಳಿದರು. ಏನು ತಿನ್ನುತ್ತೀರಿ, ಗೋಡೆಗೆ ಯಾವ ಚಿತ್ರ ಹಾಕುತ್ತೀರಿ, ಯಾವ ಸಂಗೀತ ಇಷ್ಟ ಅನ್ನುವುದರಲ್ಲೇ ವರ್ಗ ಅಡಗಿದೆ ಅಂತ. ಆ ಪುಸ್ತಕ ಓದದಿದ್ದರೂ ಪರವಾಗಿಲ್ಲ, ಈ ಒಂದು ಮಾತು ಜೊತೆಗಿರಲಿ.

'ಆಶೆಲೆಮ್' ಅಂದರೆ ಸರ್ಕಾರದ ನೆರವಿನಿಂದ ಕಟ್ಟಿದ, ಬಾಡಿಗೆ ಕಡಿಮೆ ಇರುವ ವಸತಿ ಕಟ್ಟಡ.

'ಬೇ ಸೇ ಬೇ ಜೇ' 1980ರ ದಶಕದಲ್ಲಿ ಎಲ್ಲರ ಬಾಯಲ್ಲೂ ಇದ್ದ ಪದ. ಕಡು ನೀಲಿ ಬಟ್ಟೆ, ನೆರಿಗೆ ಲಂಗ, ಒತ್ತಾಗಿ ಬಾಚಿದ ಕೂದಲು, ಎಲ್ಲೂ ಅತಿ ಆಗದಂತೆ ಇರುವುದು. ಲ ಕೆನ್ವಾ ಮನೆಯ ತಾಯಿ ಮಾರಿಯೆಲ್‌ಳನ್ನು ನೋಡಿದರೆ ಅರ್ಥವಾಗುತ್ತದೆ.

ಕೊನೆಯದು 'ಮಕ್ಕಳ ಭತ್ಯೆ'. ಇದನ್ನು ಸ್ವಲ್ಪ ವಿವರಿಸಬೇಕು. ಫ್ರಾನ್ಸಿನಲ್ಲಿ ಎರಡನೇ ಮಗುವಿನಿಂದ ಸರ್ಕಾರ ಪ್ರತಿ ತಿಂಗಳೂ ಮನೆಗೆ ಹಣ ಕೊಡುತ್ತದೆ. ಬಡವರು ಈ ಹಣಕ್ಕೋಸ್ಕರವೇ ಮಕ್ಕಳನ್ನು ಹೆರುತ್ತಾರೆ ಅನ್ನುವುದು ಅಲ್ಲಿನ ಹಳೆಯ ಕುಹಕ. ಆದರೆ ಆ ಕಾಲದಲ್ಲಿ ಆ ಭತ್ಯೆಗೆ ಆದಾಯದ ಲೆಕ್ಕ ಇರಲಿಲ್ಲ. ಹೆಚ್ಚು ಆದಾಯದವರಿಗೆ ಈಗಿರುವ ಕಡಿತ ಶುರುವಾದದ್ದು 2015ರಲ್ಲಿ. ಈಗ ಸಿನಿಮಾ ನೋಡಿ. ಎರಡೂ ಮನೆಗಳಲ್ಲಿ ಮಕ್ಕಳ ದಂಡೇ ಇದೆ. ಇಬ್ಬರಿಗೂ ಬರುವುದು ಅದೇ ಸರ್ಕಾರದ ಅದೇ ಭತ್ಯೆ. ಒಂದು ಮನೆಯಲ್ಲಿ ಅದು ಧರ್ಮ, ಇನ್ನೊಂದು ಮನೆಯಲ್ಲಿ ಸೋಮಾರಿತನ ಅಂತ ಊರು ಮಾತಾಡುತ್ತದೆ. ನನಗೆ ಈ ಚಿತ್ರದ ಮೇಲೆ ಗೌರವ ಹುಟ್ಟಿದ್ದು ಈ ಲೆಕ್ಕ ಹೊಳೆದ ದಿನ.

ಹಂತ 4: ಮೊದಲ ಸಲ ನಿಲ್ಲಿಸದೆ ನೋಡಿ

ಮೊದಲ ಸಂಜೆ ಪೆನ್ನು ಕೆಳಗಿಡಿ. ನಡುವೆ ನಿಲ್ಲಿಸಬೇಡಿ, ಹಿಂದೆ ಹೋಗಬೇಡಿ. ಒಂದೆರಡು ಮಾತು ತಪ್ಪಿದರೆ ತಪ್ಪಲಿ. ಹಾಸ್ಯಕ್ಕೆ ತನ್ನದೇ ಲಯ ಇರುತ್ತದೆ, ನಿಲ್ಲಿಸಿದರೆ ಅದು ಸತ್ತುಹೋಗುತ್ತದೆ.

ಇಲ್ಲಿ ಯಾರೂ ನಗಿಸಲು ಪ್ರಯತ್ನ ಮಾಡುವುದಿಲ್ಲ ಅನ್ನುವುದನ್ನು ಮೊದಲೇ ಹೇಳಿಬಿಡುತ್ತೇನೆ. ಮಾರಿಯೆಲ್ ಪಾತ್ರ ಮಾಡಿದ ಎಲೆನ್ ವ್ಯಾಂಸಾಂ ಅವರಿಗೆ ಪೋಷಕ ನಟಿ ಸೆಸಾರ್ ಬಂತು. ಇಡೀ ಚಿತ್ರದಲ್ಲಿ ಆಕೆ ಗಂಭೀರವಾಗಿಯೇ ಇರುತ್ತಾರೆ. ಮುಖದ ಮೇಲಿನ ಆ ಮುಗುಳ್ನಗೆ ಎಲ್ಲಿ, ಯಾವಾಗ ಬಿರುಕು ಬಿಡುತ್ತದೆ ಅನ್ನುವುದರಲ್ಲೇ ಎಲ್ಲ ಇದೆ. ಕೆಲಸದಾಕೆ ಮಾರಿ ತೆರೇಸ್ ಬಸುರಿ. ಆದರೆ ಯಾರ ಜೊತೆಯೂ ಮಲಗಿಲ್ಲ ಅಂತ ಪ್ರಮಾಣ ಮಾಡುತ್ತಾಳೆ. ಕ್ಯಾಥೋಲಿಕ್ ಮನೆಯಲ್ಲಿ ಈ ಮಾತು ಎಲ್ಲಿಗೆ ತಾಗುತ್ತದೆ ಅಂತ ಯೋಚಿಸಿ. ಕನ್ಯೆ ಮೇರಿಯ ಕಥೆಯನ್ನು ಪ್ರತಿದಿನ ಜಪಿಸುವ ಮನೆ ಅದು! ಆ ಪಾತ್ರದ ಕತ್ರೀನ್ ಜಾಕೋಬ್ ಅವರಿಗೆ ಭರವಸೆಯ ನಟಿ ಸೆಸಾರ್ ಸಿಕ್ಕಿತು.

ಚರ್ಚಿನ ಸಮಾರಂಭದಲ್ಲಿ ಪಾದ್ರಿ ಗಿಟಾರ್ ಹಿಡಿದು ಹಾಡುವ ದೃಶ್ಯ ಬರುತ್ತದೆ. ಸುಮ್ನೆ ಒಂದು ಹಾಡು ಅಂತ ಮುಂದೆ ಓಡಿಸಬೇಡಿ. 1960ರ ದಶಕದ ವ್ಯಾಟಿಕನ್ ಮಹಾಸಭೆಯ ನಂತರ ಚರ್ಚುಗಳಲ್ಲಿ ಲ್ಯಾಟಿನ್ ಬದಲು ಜನರ ಭಾಷೆ ಬಂತು, ಗಿಟಾರ್ ಬಂತು, ಯುವಕರಿಗೆ ಇಷ್ಟವಾಗುವ ಹಾಗೆ ಇರಬೇಕು ಅನ್ನುವ ಪಾದ್ರಿಗಳು ಬಂದರು. ಫ್ರಾನ್ಸಿನಲ್ಲಿ ಆ ವಯಸ್ಸಿನವರೆಲ್ಲ ಅಂಥ ಒಬ್ಬ ಪಾದ್ರಿಯನ್ನು ಕಂಡವರೇ.

ಹಂತ 5: ಎರಡನೇ ಸಲ ಮೇಜು ನೋಡಿ

ಈಗ ಪೆನ್ನು ತೆಗೆದುಕೊಳ್ಳಿ. ಮಾತಿನ ಕಡೆ ಗಮನ ಬೇಡ. ವಸ್ತುಗಳನ್ನು ನೋಡಿ, ಅದರಲ್ಲೂ ಊಟದ ಮೇಜನ್ನು.

ಇದಕ್ಕೆ ಕಾರಣ ಇದೆ. ಶಾತಿಲಿಯೇ ಸಿನಿಮಾಕ್ಕೆ ಬಂದದ್ದು ಜಾಹೀರಾತಿನಿಂದ. ಜಾಹೀರಾತು ಮಾಡುವವನಿಗೆ ಇರುವುದು ಕೆಲವೇ ಸೆಕೆಂಡು. ಅಷ್ಟರಲ್ಲಿ ಈ ಮನೆ ಯಾರದ್ದು, ಇವರ ಹತ್ತಿರ ಎಷ್ಟು ಹಣ ಇದೆ, ಇವರು ಏನು ಆಸೆ ಪಡುತ್ತಾರೆ ಅಂತ ನಮಗೆ ಗೊತ್ತಾಗಬೇಕು. ಅದಕ್ಕೆ ಅವನು ಲೋಟ, ಪರದೆ, ಮೇಜುಬಟ್ಟೆಯನ್ನು ಬಳಸುತ್ತಾನೆ. ಫ್ಲೋರಾಂಸ್ ಕಾಂತಾಂ ಜೊತೆ ಸೇರಿ ಬರೆದ ಈ ಚಿತ್ರಕಥೆಯಲ್ಲೂ ಅದೇ ಕಣ್ಣು ಇದೆ. ಚಿತ್ರಕಥೆಗೂ ಸೆಸಾರ್ ಬಂದಿದೆ.

ಎಡಗಡೆ ಲ ಕೆನ್ವಾ ಕೆಳಗೆ ಬರೆಯುತ್ತಾ ಹೋಗಿ: ಎಲ್ಲರೂ ಒಂದೇ ಹೊತ್ತಿಗೆ ಕೂರುತ್ತಾರಾ? ಯಾರು ಬಡಿಸುತ್ತಾರೆ? ಒಬ್ಬರು ಮಾತಾಡುವಾಗ ಉಳಿದವರು ಏನು ಮಾಡುತ್ತಾರೆ? ಬಲಗಡೆ ಗ್ರೋಜೇಯ್ ಕೆಳಗೆ ಅದೇ ಪ್ರಶ್ನೆಗಳು. ಟಿವಿ ಎಲ್ಲಿದೆ, ಯಾರು ಎದ್ದು ಹೋಗುತ್ತಾರೆ, ಯಾರು ಯಾರನ್ನು ಮುಟ್ಟುತ್ತಾರೆ?

ಲ ಕೆನ್ವಾ ಮನೆಯ ಒಂದು ಮಾತು ಫ್ರೆಂಚರ ಬಾಯಲ್ಲಿ ಗಾದೆಯ ಹಾಗೆ ನಿಂತುಬಿಟ್ಟಿದೆ: "ಸೋಮವಾರ ಅಂದ್ರೆ ರವಿಯೋಲಿ." ರವಿಯೋಲಿ ಅಂದರೆ ಒಳಗೆ ಹೂರಣ ತುಂಬಿ ಬೇಯಿಸುವ ಇಟಲಿಯ ತಿಂಡಿ, ಆಗಿನ ಫ್ರಾನ್ಸಿನಲ್ಲಿ ಡಬ್ಬಿಯಲ್ಲಿ ಸಿಗುತ್ತಿದ್ದ ಅಗ್ಗದ ಊಟ. ಈ ಮಾತಿನಲ್ಲಿ ನಗುವಂಥದ್ದು ಏನಿದೆ ಅಂತ ಎಷ್ಟೋ ಜನ ಕೇಳಿದ್ದಾರೆ. ಸ್ವಲ್ಪ ಹತ್ತಿರದಿಂದ ನೋಡಿ. ಯಜಮಾನ ಜಾನ್ ಸರ್ಕಾರಿ ವಿದ್ಯುತ್ ಸಂಸ್ಥೆಯ ಪ್ರಾದೇಶಿಕ ನಿರ್ದೇಶಕ. ದುಡ್ಡಿಗೆ ಕೊರತೆ ಇಲ್ಲ. ಆದರೂ ವಾರಕ್ಕೊಂದು ದಿನ ಇಂಥದ್ದೇ ಅಂತ ಗೊತ್ತುಮಾಡಿಕೊಂಡಿದ್ದಾರೆ. ಉಳಿತಾಯ, ಶಿಸ್ತು, ಮುಂದಿನ ಸೋಮವಾರ ಏನು ಅನ್ನುವ ಖಾತ್ರಿ, ಎಲ್ಲ ಆ ಒಂದು ಮಾತಿನಲ್ಲಿದೆ. ಗ್ರೋಜೇಯ್ ಮನೆಯಲ್ಲಿ ನಾಳೆ ಏನು ಅಂತಲೇ ಗೊತ್ತಿಲ್ಲ. ದುಡ್ಡು ಬಂದ ದಿನ ಖರ್ಚು, ಆ ದಿನ ಹಬ್ಬ. ನನ್ನ ಮಟ್ಟಿಗೆ ಎರಡು ಮನೆಗಳ ನಡುವಿನ ನಿಜವಾದ ಅಂತರ ಇದು. ಒಬ್ಬರಿಗೆ ಮುಂದಿನ ಸೋಮವಾರ ಇದೆ, ಇನ್ನೊಬ್ಬರಿಗೆ ಇವತ್ತು ಮಾತ್ರ ಇದೆ.

ಆಮೇಲೆ ಮೋಮೋನ ಹಿಂದೆ ಹೋಗಿ. ಇಬ್ಬರ ಮೇಜಿನ ಮೇಲೂ ಉಣ್ಣಲು ಗೊತ್ತಿರುವವನು ಅವನೊಬ್ಬನೇ. ಎಲ್ಲಿ ಬೆನ್ನು ನೆಟ್ಟಗೆ ಮಾಡಬೇಕು, ಎಲ್ಲಿ 'ಮೆರ್ಸಿ' ಅನ್ನಬೇಕು ಅಂತ ಎಷ್ಟು ಬೇಗ ಹಿಡಿದುಬಿಡುತ್ತಾನೆ ನೋಡಿ. ಆ ಹುಡುಗ ಬೆನ್ವಾ ಮಾಜಿಮೆಲ್. 2001ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಪಡೆದ ಅದೇ ಮಾಜಿಮೆಲ್. ಅವರ ಮೊದಲ ಸಿನಿಮಾ ಇದು.

ಜೋಸೆಟ್‌ಗೆ ಹಾಳೆಯಲ್ಲಿ ಬೇರೆ ಜಾಗ ಕೊಡಿ. ಆಕೆ ಎಡಕ್ಕೂ ಸೇರುವುದಿಲ್ಲ, ಬಲಕ್ಕೂ ಸೇರುವುದಿಲ್ಲ. ಡಾಕ್ಟರಿಗೆ ವರ್ಷಗಟ್ಟಲೆ ಬೇಕಾಗಿದ್ದಳು, ಆದರೆ ಮನೆಯೊಳಗೆ ಕರೆದುಕೊಳ್ಳುವಷ್ಟು ಅಲ್ಲ. ಎರಡು ಮನೆಗಳ ಗದ್ದಲದಲ್ಲಿ, ಎರಡೂ ವರ್ಗಕ್ಕೆ ಸೇರದ ಇವಳ ಕಥೆ ಕಣ್ತಪ್ಪಿ ಹೋಗುವುದು ಸುಲಭ.

ಹಂತ 6: ಈ ತಪ್ಪುಗಳನ್ನು ಮಾಡಬೇಡಿ

"ಯಾವ ಮನೆ ಒಳ್ಳೆಯದು?" ಎಂದು ತೀರ್ಪು ಕೊಡಲು ಹೋಗಬೇಡಿ. ಬಡವರೆಲ್ಲ ಹೃದಯವಂತರು, ಶ್ರೀಮಂತರೆಲ್ಲ ಕಪಟಿಗಳು ಅಂತ ಈ ಚಿತ್ರ ಹೇಳುವುದಿಲ್ಲ. ಗ್ರೋಜೇಯ್ ಮನೆಯವರು ಮಗನನ್ನು ಹಣಕ್ಕೆ ಒಪ್ಪಿಸಿಕೊಟ್ಟವರು ಅನ್ನುವುದನ್ನು ಮರೆಯಬೇಡಿ. ತಗೊಂಡವರನ್ನೂ ಮರೆಯಬೇಡಿ.

ಹಾಗಂತ ಚಿತ್ರದಲ್ಲಿ ದೋಷ ಇಲ್ಲ ಅಂತಲೂ ಅಲ್ಲ. ಗ್ರೋಜೇಯ್ ಮನೆಯವರನ್ನು ದಪ್ಪ ಕುಂಚದಲ್ಲಿ ಬರೆದಿದ್ದಾರೆ. ಮಾರಿಯೆಲ್‌ಗೆ ಒಳಗಿನ ನೋವು ಇದೆ, ಗ್ರೋಜೇಯ್ ತಾಯಿಗೆ ಅಷ್ಟು ಕೊಟ್ಟಿಲ್ಲ. ನೆರೆಯ ಅರಬ್ ಅಂಗಡಿಯವನ ಜೊತೆಗಿನ ಮಾತುಗಳಲ್ಲಿ ಜನಾಂಗದ ಹಗುರ ಮಾತು ಇವೆ. ಇವು ಚುಚ್ಚಿದರೆ ನಿಮ್ಮ ಕಿವಿ ಸರಿಯಾಗಿಯೇ ಇದೆ.

ಹೆಸರನ್ನು ನೇರ ಅರ್ಥದಲ್ಲಿ ತಗೊಳ್ಳಬೇಡಿ. ಪ್ರಶಾಂತ ನದಿ ಅನ್ನುವುದು ಲ ಕೆನ್ವಾ ಮನೆಯವರು ನಂಬಿಕೊಂಡದ್ದು. ಈಗ ಫ್ರೆಂಚರು ದಿನನಿತ್ಯದ ಮಾತಿನಲ್ಲೇ "ಬದುಕು ಉದ್ದನೆಯ ಪ್ರಶಾಂತ ನದಿ ಅಲ್ಲ" ಅನ್ನುತ್ತಾರೆ. ಎರಡು ತೀರಾ ಬೇರೆ ಕುಟುಂಬಗಳನ್ನು ಕಂಡರೆ "ಲ ಕೆನ್ವಾ, ಗ್ರೋಜೇಯ್" ಅನ್ನುವುದೂ ರೂಢಿ.

ಹಂತ 7: ಮುಂದೆ ಯಾವುದು?

ಒಂದೇ ವಾರದಲ್ಲಿ ಹತ್ತು ನೋಡಬೇಡಿ. ಈ ಕ್ರಮದಲ್ಲಿ, ನಡುವೆ ಕೆಲವು ದಿನ ಬಿಟ್ಟು ನೋಡಿ.

ಮೊದಲು 'ಲ ಗೂ ದೆಝೋತ್ರ್', 2000ದ್ದು, ಆನ್ಯೆಸ್ ಜಾವೂಯಿ ಅವರ ಚಿತ್ರ. 'ಬೇರೆಯವರ ಅಭಿರುಚಿ' ಅಂತ ಅರ್ಥ. ಕಾರ್ಖಾನೆ ಮಾಲೀಕನೊಬ್ಬ ರಂಗಭೂಮಿಯ ನಟಿಗೆ ಮನಸೋಲುತ್ತಾನೆ. ಅವನ ಹತ್ತಿರ ಹಣ ಇದೆ, 'ಅಭಿರುಚಿ' ಇಲ್ಲ. ಅವಳ ಗೆಳೆಯರು ಅವನನ್ನು ಆಡಿಕೊಳ್ಳುತ್ತಾರೆ. ಮೇಲೆ ಹೇಳಿದ ಬೂರ್ದಿಯು ಮಾತು ಇಲ್ಲಿ ಕಣ್ಣಿಗೆ ಕಟ್ಟುತ್ತದೆ. ಶಾತಿಲಿಯೇ ಚಿತ್ರಕ್ಕಿಂತ ಮೃದುವಾದದ್ದು, ನನಗೆ ಇದೇ ಹೆಚ್ಚು ಹತ್ತಿರ.

ಆಮೇಲೆ 2011ರ 'ಆಂತೂಶಾಬ್ಲ್'. ಗಾಲಿಕುರ್ಚಿಯಲ್ಲಿರುವ ಶ್ರೀಮಂತ, ಅವನನ್ನು ನೋಡಿಕೊಳ್ಳಲು ಬರುವ ಬಡ ಯುವಕ, ಇವರಿಬ್ಬರ ಕಥೆ. ತೆಲುಗಿನ 'ಊಪಿರಿ' ನೋಡಿದ್ದರೆ ಕಥೆ ನಿಮಗೆ ಗೊತ್ತಿದೆ, ಅದರ ಮೂಲ ಇದೇ. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿ. ಪ್ಯಾರಿಸ್ ಹೊರವಲಯದ ಕರಿಯ ಯುವಕ ಅನ್ನುವ ಅಂಶ ಇಲ್ಲಿಗೆ ಬರುವಾಗ ಏನಾಯಿತು ಅಂತ ಗಮನಿಸಿ.

ಸಿನಿಮಾದ ನಡುವೆ ಒಂದು ನಾಟಕ ಓದುವ ಮನಸ್ಸಿದ್ದರೆ ಎ.ಎನ್. ಮೂರ್ತಿರಾಯರ 'ಆಷಾಢಭೂತಿ' ತೆಗೆಯಿರಿ. ಫ್ರೆಂಚ್ ನಾಟಕಕಾರ ಮೋಲಿಯೇರ್‌ನ 'ತಾರ್ತ್ಯುಫ್' ಆಧಾರದ ಕನ್ನಡ ನಾಟಕ ಅದು. ಧರ್ಮದ ವೇಷ, ಶ್ರೀಮಂತರ ಮನೆ, ಕಣ್ಣಿದ್ದೂ ಕಾಣದ ಯಜಮಾನ. ಲ ಕೆನ್ವಾ ಮನೆಯ ಪೂರ್ವಿಕರು ಅಲ್ಲಿ ಕನ್ನಡ ಮಾತಾಡುತ್ತಾರೆ.

ಕೊನೆಗೆ 2008ರ 'ಬಿಯಾಂವೆನ್ಯು ಶೇ ಲೇ ಶ್ತಿ', ದಾನಿ ಬೂನ್ ಅವರದ್ದು. ಫ್ರಾನ್ಸಿನಲ್ಲಿ ಎರಡು ಕೋಟಿಗೂ ಜಾಸ್ತಿ ಜನ ನೋಡಿದ ಚಿತ್ರ. ದಕ್ಷಿಣದ ಅಂಚೆ ಅಧಿಕಾರಿಯೊಬ್ಬನಿಗೆ ಬೆರ್ಗ್ ಎಂಬ ಊರಿಗೆ ವರ್ಗ ಆಗುತ್ತದೆ. ಚಳಿ, ಬಡತನ, ಅರ್ಥವಾಗದ ಆಡುಮಾತು ಅಂತ ಹೆದರಿಕೊಂಡೇ ಹೊರಡುತ್ತಾನೆ. ಬೆರ್ಗ್ ಇರುವುದು ನೋರ್‌ನಲ್ಲಿ. ನೀವು ಎರಡು ಸಂಜೆ ಕಳೆದ ಅದೇ ಸೀಮೆ, ಇಪ್ಪತ್ತು ವರ್ಷ ಆದ ಮೇಲೆ. ಹಳೆಯ ಹಾಳೆಯನ್ನು ಪಕ್ಕದಲ್ಲಿ ಇಟ್ಟುಕೊಂಡೇ ಕೂರಿ.